ಪಲ್ಲವಿ ಮತ್ತು ಚರಣಗಳ ನಡುವೆ: 'ಬಾರ್ನ್ ಇನ್ ದ ಯು.ಎಸ್.ಎ.' ಗೀತೆಯ ರಚನೆ ಹಾಗೂ ಉತ್ತರಚರಿತೆ

ಅಮೆರಿಕದ ರಾಕ್ ಗಾಯಕ ಬ್ರೂಸ್ ಸ್ಪ್ರಿಂಗ್‌ಸ್ಟೀನ್ ಅವರ 'ಬಾರ್ನ್ ಇನ್ ದ ಯು.ಎಸ್.ಎ.' ಎಂಬ ಗೀತೆ 1984ರಲ್ಲಿ ಪ್ರಕಟವಾಯಿತು. ವಿಯೆಟ್ನಾಂ ಯುದ್ಧದಿಂದ ಮರಳಿದ ಸೈನಿಕನೊಬ್ಬನಿಗೆ ತನ್ನ ದೇಶದಲ್ಲಿಯೇ ಉದ್ಯೋಗವೂ ನೆಲೆಯೂ ದೊರೆಯದೆ ಹೋದುದು ಇದರ ವಸ್ತು. ಆದರೆ ಪ್ರಕಟವಾದ ಕೆಲವೇ ತಿಂಗಳುಗಳಲ್ಲಿ ಇದು ದೇಶಾಭಿಮಾನದ ಜಯಘೋಷವೆಂಬ ಖ್ಯಾತಿಯನ್ನು ಪಡೆಯಿತು. ಧ್ವಜಗಳ ನಡುವೆ, ಚುನಾವಣಾ ಸಭೆಗಳಲ್ಲಿ, ರಾಷ್ಟ್ರೀಯ ಹಬ್ಬದ ಸಿಡಿಮದ್ದಿನ ಸದ್ದಿನೊಂದಿಗೆ ಕೇಳಿಬರತೊಡಗಿತು. ಈ ವಿಪರ್ಯಾಸವನ್ನು ಕೇಳುಗರ ಅನವಧಾನದ ಫಲವೆಂದು ವಿವರಿಸುವುದು ವಾಡಿಕೆ. ಸಾಹಿತ್ಯವನ್ನು ಗಮನವಿಟ್ಟು ಕೇಳಿದ್ದರೆ ಇಂಥ ತಪ್ಪು ಆಗುತ್ತಿರಲಿಲ್ಲವೆಂಬುದು ಈ ವಿವರಣೆಯ ತಿರುಳು. ಇದರಲ್ಲಿ ಅರ್ಧದಷ್ಟು ಸತ್ಯವಿದೆ. ಗೀತೆ ರೂಪುಗೊಂಡ ಬಗೆಯನ್ನು ಹಂತಹಂತವಾಗಿ ಪರಿಶೀಲಿಸಿದಾಗ, ಪರಸ್ಪರ ವಿರುದ್ಧವಾದ ಎರಡು ಗ್ರಹಿಕೆಗಳಿಗೂ ಅದರ ಒಡಲಿನಲ್ಲಿಯೇ ಎಡೆಯಿದ್ದಿತೆಂಬುದು ಕಂಡುಬರುತ್ತದೆ.

ಸ್ಪ್ರಿಂಗ್‌ಸ್ಟೀನ್ 1949ರಲ್ಲಿ ನ್ಯೂಜೆರ್ಸಿ ರಾಜ್ಯದಲ್ಲಿ ಜನಿಸಿ, ಫ್ರೀಹೋಲ್ಡ್ ಎಂಬ ಸಣ್ಣ ಊರಿನ ಶ್ರಮಿಕ ವರ್ಗದ ಕುಟುಂಬದಲ್ಲಿ ಬೆಳೆದವರು. ಆ ಊರಿನ ಜೀವನಾಧಾರವಾಗಿದ್ದ ರತ್ನಗಂಬಳಿಯ ಕಾರ್ಖಾನೆ ಅವರ ಬಾಲ್ಯದಲ್ಲಿಯೇ ಅವಸಾನಗೊಂಡಿತು. ಹದಿಹರೆಯದಲ್ಲಿ ಅವರು ಸೇರಿದ 'ದ ಕಾಸ್ಟೀಲ್ಸ್' ಎಂಬ ತಂಡದ ಮೊದಲ ಡ್ರಮ್ ವಾದಕ ಬಾರ್ಟ್ ಹೇನ್ಸ್ 1967ರಲ್ಲಿ ವಿಯೆಟ್ನಾಮಿನಲ್ಲಿ ಮಡಿದರು. ಸ್ಪ್ರಿಂಗ್‌ಸ್ಟೀನ್ ಅವರಿಗೂ ಸೇನೆಯ ಕರೆ ಬಂದಿತ್ತಾದರೂ ದೈಹಿಕ ಪರೀಕ್ಷೆಯಲ್ಲಿ ಅವರನ್ನು ಕೈಬಿಡಲಾಯಿತು. ತಮ್ಮ ಬದಲಿಗೆ ಯಾರು ಹೋದರೋ ಎಂಬ ಪ್ರಶ್ನೆ ತಮ್ಮನ್ನು ಬಿಡದೆ ಕಾಡಿದ್ದನ್ನು ಅವರು ಮುಂದೆ ರಂಗದ ಮೇಲೆ ನಿಂತು ಹೇಳಿಕೊಂಡಿದ್ದಾರೆ. ಯುದ್ಧಕ್ಕೆ ಹೋಗದವನೊಬ್ಬ ಹೋಗಿಬಂದವನ ಬಾಯಿಯಾಗಿ ಹಾಡಿದ ಹಾಡು ಇದೆಂಬುದನ್ನು ಗಮನಿಸಬೇಕು.

ಗೀತೆಗೆ ನೇರ ಪ್ರಚೋದನೆ ದೊರೆತದ್ದು 1980–81ರ ಅವಧಿಯಲ್ಲಿ. ಯುದ್ಧದಲ್ಲಿ ಗಾಯಗೊಂಡು ಸೊಂಟದಿಂದ ಕೆಳಗೆ ಚಲನೆಯನ್ನೇ ಕಳೆದುಕೊಂಡಿದ್ದ ರಾನ್ ಕೋವಿಕ್ ಅವರ 'ಬಾರ್ನ್ ಆನ್ ದ ಫೋರ್ತ್ ಆಫ್ ಜುಲೈ' ಎಂಬ ಆತ್ಮಕಥೆ 1976ರಲ್ಲಿ ಪ್ರಕಟವಾಗಿತ್ತು. ಪ್ರಯಾಣದ ನಡುವೆ ಅಂಗಡಿಯೊಂದರಲ್ಲಿ ಕೊಂಡ ಈ ಪುಸ್ತಕವನ್ನು ಓದಿದ ಸ್ಪ್ರಿಂಗ್‌ಸ್ಟೀನ್, ಸ್ವಲ್ಪ ಕಾಲದಲ್ಲಿಯೇ ಲಾಸ್ ಏಂಜಲೀಸ್‌ನಲ್ಲಿ ಲೇಖಕರನ್ನು ಆಕಸ್ಮಿಕವಾಗಿ ಭೇಟಿಯಾದರು. ಮಾಜಿ ಯೋಧರ ಕೇಂದ್ರವೊಂದಕ್ಕೆ ಅವರನ್ನು ಕರೆದೊಯ್ದವರು ಕೋವಿಕ್ ಅವರೇ. ಈ ಸಂಪರ್ಕದ ಮುಂದುವರಿಕೆಯಾಗಿ, ಬಾಬಿ ಮುಲ್ಲರ್ 1978ರಲ್ಲಿ ಸ್ಥಾಪಿಸಿದ್ದ 'ವಿಯೆಟ್ನಾಂ ವೆಟರನ್ಸ್ ಆಫ್ ಅಮೆರಿಕಾ' ಸಂಸ್ಥೆಯ ನೆರವಿಗಾಗಿ 1981ರ ಆಗಸ್ಟ್ 20ರಂದು ಲಾಸ್ ಏಂಜಲೀಸ್ ಸ್ಪೋರ್ಟ್ಸ್ ಅರೇನಾದಲ್ಲಿ ಸಂಗೀತ ಕಾರ್ಯಕ್ರಮ ಏರ್ಪಟ್ಟಿತು. ಹಣದ ಮುಗ್ಗಟ್ಟಿನಿಂದ ಮುಚ್ಚುವ ಸ್ಥಿತಿಯಲ್ಲಿದ್ದ ಸಂಸ್ಥೆಗೆ ಆ ಸಂಜೆ ಮರುಜೀವ ನೀಡಿತು. ವೇದಿಕೆಯ ಬದಿಯಲ್ಲಿ ಗಾಲಿಕುರ್ಚಿಗಳಲ್ಲಿ ಕುಳಿತಿದ್ದ ಮಾಜಿ ಯೋಧರ ಮುಂದೆ ಹಾಡಿದ ಅನುಭವ ಗಾಯಕರ ಮನಸ್ಸಿನಲ್ಲಿ ಉಳಿಯಿತು.

ಅದೇ ವರ್ಷ ಅವರು 'ವಿಯೆಟ್ನಾಂ' ಎಂಬ ಹೆಸರಿನಲ್ಲಿ ಒಂದು ಕರಡು ಗೀತೆಯನ್ನು ರಚಿಸುತ್ತಿದ್ದರು. ಆಗ ಚಿತ್ರಕಥೆಗಾರ ಪಾಲ್ ಶ್ರೇಡರ್ ಕಳುಹಿಸಿದ್ದ ಚಿತ್ರಕಥೆಯೊಂದು ಅವರ ಮೇಜಿನ ಮೇಲಿತ್ತು. ಕ್ಲೀವ್‌ಲೆಂಡ್ ನಗರದ ಸಾಮಾನ್ಯ ವಾದ್ಯತಂಡವೊಂದರ ಕಥೆಯಾಗಿದ್ದ ಅದರ ಶೀರ್ಷಿಕೆ 'ಬಾರ್ನ್ ಇನ್ ದ ಯು.ಎಸ್.ಎ.'. ಕರಡಿಗೆ ಬೇಕಾಗಿದ್ದ ಪಲ್ಲವಿ ಹೀಗೆ ಬೇರೊಬ್ಬರ ಕೃತಿಯ ಮುಖಪುಟದಿಂದ ಬಂದಿತು. ಶ್ರೇಡರ್ ತಮ್ಮ ಚಲನಚಿತ್ರವನ್ನು 1987ರಲ್ಲಿ 'ಲೈಟ್ ಆಫ್ ಡೇ' ಎಂಬ ಬೇರೆ ಹೆಸರಿನಿಂದ ತೆರೆಗೆ ತರಬೇಕಾಯಿತು. ಋಣ ತೀರಿಸುವಂತೆ ಅದರ ಶೀರ್ಷಿಕೆ ಗೀತೆಯನ್ನು ಸ್ಪ್ರಿಂಗ್‌ಸ್ಟೀನ್ ಬರೆದುಕೊಟ್ಟರು. ಇಲ್ಲಿ ಮುಖ್ಯವಾದ ಸಂಗತಿಯೆಂದರೆ, ಚರಣಗಳೂ ಪಲ್ಲವಿಯೂ ಒಂದೇ ಮೂಲದಿಂದ ಹುಟ್ಟಿದವುಗಳಲ್ಲ. ಚರಣಗಳು ಯೋಧರ ಒಡನಾಟದಿಂದ ಮೂಡಿದರೆ, ಯುದ್ಧಕ್ಕೆ ಯಾವ ಸಂಬಂಧವೂ ಇಲ್ಲದ ಒಂದು ಹೆಸರು ಪಲ್ಲವಿಯಾಗಿ ಅವುಗಳಿಗೆ ಬೆಸೆದುಕೊಂಡಿತು.

ಗೀತೆಯ ಮೊದಲ ಧ್ವನಿಮುದ್ರಣ ನಡೆದದ್ದು ನ್ಯೂಜೆರ್ಸಿಯ ಕೋಲ್ಟ್ಸ್ ನೆಕ್‌ನ ಬಾಡಿಗೆ ಮನೆಯೊಂದರಲ್ಲಿ, 1981–82ರ ಚಳಿಗಾಲದಲ್ಲಿ. ನಾಲ್ಕು ಪಥಗಳ ಟಿಯಾಕ್ ಕ್ಯಾಸೆಟ್ ಯಂತ್ರ, ಎರಡು ಮೈಕುಗಳು, ಒಂದು ಗಿಟಾರು ಇಷ್ಟೇ ಪರಿಕರ. ತಂಡಕ್ಕೆ ಹಾಡುಗಳ ಪರಿಚಯ ಮಾಡಿಕೊಡುವ ಕರಡುಪ್ರತಿಯಾಗಿ ಸಿದ್ಧವಾದ ಈ ಕ್ಯಾಸೆಟ್ಟಿನ ಬಹುಪಾಲು ಹಾಡುಗಳು, ತಂಡದೊಡನೆ ಮಾಡಿದ ಮರುಮುದ್ರಣ ತೃಪ್ತಿ ನೀಡದ ಕಾರಣ, ಇದ್ದ ರೂಪದಲ್ಲಿಯೇ 1982ರ ಸೆಪ್ಟೆಂಬರ್‌ನಲ್ಲಿ 'ನೆಬ್ರಾಸ್ಕಾ' ಎಂಬ ಸಂಕಲನವಾಗಿ ಹೊರಬಂದವು. 'ಬಾರ್ನ್ ಇನ್ ದ ಯು.ಎಸ್.ಎ.' ಮಾತ್ರ ಆ ಸಂಕಲನದಿಂದ ಹೊರಗುಳಿಯಿತು. ಕ್ಯಾಸೆಟ್ಟಿನಲ್ಲಿರುವ ಅದರ ಮೂಲರೂಪ ದೀರ್ಘಕಾಲ ಅಪ್ರಕಟಿತವಾಗಿದ್ದು 1998ರ 'ಟ್ರ್ಯಾಕ್ಸ್' ಸಂಪುಟದಲ್ಲಿ ಬೆಳಕು ಕಂಡಿತು. ಗಿಟಾರಿನ ಏಕಾಕಿ ಮಿಡಿತ, ಪ್ರತಿಧ್ವನಿಯಲ್ಲಿ ತೇಲುವ ಬಳಲಿದ ಕಂಠ ಇವೆರಡರಿಂದ ಕೂಡಿದ ಈ ರೂಪವನ್ನು ಕೇಳಿದ ಯಾರೂ ಇದನ್ನು ವಿಜಯಗೀತೆಯೆಂದು ಭಾವಿಸಲಾರರು. ಪಲ್ಲವಿಯ ಮಾತು ಇಲ್ಲಿ ಅಭಿಮಾನದ ಉದ್ಗಾರವಾಗಿ ಕೇಳಿಸುವುದಿಲ್ಲ. ಕೊಟ್ಟ ಮಾತಿಗೆ ಏನಾಯಿತೆಂಬ ಪ್ರಶ್ನೆಯಾಗಿ ಕೇಳಿಸುತ್ತದೆ.

ಇದೇ ಹಾಡು 1982ರ ವಸಂತದಲ್ಲಿ ನ್ಯೂಯಾರ್ಕ್ ನಗರದ ಪವರ್ ಸ್ಟೇಷನ್ ಧ್ವನಿಮುದ್ರಣಾಲಯದಲ್ಲಿ 'ಇ ಸ್ಟ್ರೀಟ್ ಬ್ಯಾಂಡ್' ತಂಡದೊಡನೆ ಮತ್ತೊಂದು ಜನ್ಮ ತಳೆಯಿತು. ಗಾಯಕರು ಗಿಟಾರಿನಲ್ಲಿ ನುಡಿಸಿ ತೋರಿಸಿದ ಧಾಟಿಯಿಂದ ಒಂದು ಕಿರು ಸ್ವರಪುಂಜವನ್ನು ಹಿಡಿದುಕೊಂಡ ರಾಯ್ ಬಿಟ್ಟನ್ ಅದನ್ನು ಯಮಾಹಾ ಸಿ.ಎಸ್.-80 ಸಿಂಥೆಸೈಜರ್‌ನಲ್ಲಿ ಕಹಳೆಯಂತೆ ಮೊಳಗಿಸಿದರು. ಮ್ಯಾಕ್ಸ್ ವೈನ್‌ಬರ್ಗ್ ಅವರ ಸ್ನೇರ್ ಡ್ರಮ್ಮಿನ ಪೆಟ್ಟು ಅದಕ್ಕೆ ಜೊತೆಯಾಯಿತು. ಹಾಡು ಮುಗಿಯಬೇಕಾದ ಹೊತ್ತಿನಲ್ಲಿ ಗಾಯಕರ ಸನ್ನೆಯ ಮೇರೆಗೆ ಅವರು ಏಕಾಂಗಿಯಾಗಿ ನುಡಿಸಿದ ಅಬ್ಬರದ ಭಾಗ ಪೂರ್ವಯೋಜಿತವಾಗಿರಲಿಲ್ಲ. ಎಲ್ಲರೂ ಒಂದೇ ಕೋಣೆಯಲ್ಲಿ ಕೂಡಿ ನುಡಿಸಿದ ಈ ಮುದ್ರಣ ಕೆಲವೇ ಯತ್ನಗಳಲ್ಲಿ ಸಿದ್ಧವಾಯಿತು. ಪೆಟ್ಟಿನ ಅನುರಣನವನ್ನು ಹಿಗ್ಗಿಸಿ, ಅದು ಸಹಜವಾಗಿ ಕರಗುವ ಮುನ್ನವೇ ತುಂಡರಿಸುವ ತಂತ್ರದಿಂದ ಡ್ರಮ್ಮಿನ ಸದ್ದು ಫಿರಂಗಿಯ ಸಿಡಿತದಂತಾಯಿತು. ಟೋಬಿ ಸ್ಕಾಟ್ ಧ್ವನಿಗ್ರಹಣ ಮಾಡಿದ ಇದಕ್ಕೆ ಧ್ವನಿಮಿಶ್ರಣ ಮಾಡಿದವರು ಬಾಬ್ ಕ್ಲಿಯರ್‌ಮೌಂಟನ್. ಈ ಸದ್ದನ್ನು ಯುದ್ಧಭೂಮಿಯ ಸದ್ದೆಂದೂ ಕೇಳಬಹುದು, ಹಬ್ಬದ ಸದ್ದೆಂದೂ ಕೇಳಬಹುದು.

ಸಂಗೀತರಚನೆಯ ದೃಷ್ಟಿಯಿಂದ ಗೀತೆ ಅತ್ಯಂತ ಸರಳ. ಗಿಟಾರ್ ವಾದಕರು ಕಾರ್ಡ್ ಎಂದು ಕರೆಯುವ ಸ್ವರಗುಚ್ಛಗಳಲ್ಲಿ ಎರಡೇ ಎರಡು ಆರಂಭದಿಂದ ಅಂತ್ಯದವರೆಗೆ ಆವರ್ತಿಸುತ್ತವೆ. ಚರಣಕ್ಕೊಂದು, ಪಲ್ಲವಿಗೊಂದು ಎಂಬ ಸ್ವರಭೇದವಿಲ್ಲ. ಸಿಂಥೆಸೈಜರ್‌ನ ಅದೇ ಸ್ವರಪುಂಜ ದುಃಖದ ಕಥನದ ಹಿಂದೆಯೂ ಇದೆ, ಪಲ್ಲವಿಯ ಹಿಂದೆಯೂ ಇದೆ. ಗಾಯಕರು ತಮ್ಮ ಕಂಠದ ಮೇಲಿನ ಅಂಚಿನಲ್ಲಿ ಬಹುಮಟ್ಟಿಗೆ ಕೂಗುತ್ತಲೇ ಹಾಡುವುದರಿಂದ ಚರಣಗಳ ಮಾತು ಮೊದಲ ಬಾರಿಗೆ ಕೇಳುವವರಿಗೆ ಸ್ಫುಟವಾಗುವುದು ಕಷ್ಟ. ಶೀರ್ಷಿಕೆಯನ್ನೇ ಮರಳಿ ಮರಳಿ ಹೇಳುವ ಪಲ್ಲವಿ ಮಾತ್ರ ಯಾರಿಗೂ ತಪ್ಪುವುದಿಲ್ಲ. ಹತ್ತಾರು ಸಾವಿರ ಜನ ನೆರೆದ ಕ್ರೀಡಾಂಗಣದಲ್ಲಿ ಜನಸಮೂಹ ತನ್ನದಾಗಿಸಿಕೊಳ್ಳಬಲ್ಲದ್ದೂ ಪಲ್ಲವಿಯೊಂದನ್ನೇ. ಭಾರತೀಯ ಕಾವ್ಯಮೀಮಾಂಸೆಯು 'ಕಾಕು' ಎಂದು ಹೆಸರಿಸಿರುವ ಧ್ವನಿವಿಕಾರವನ್ನು ಈ ಸಂದರ್ಭದಲ್ಲಿ ನೆನೆಯಬಹುದು. ಒಂದೇ ವಾಕ್ಯ ಕಂಠದ ಏರಿಳಿತದಿಂದ ಹೇಳಿಕೆಯೂ ಆಗಬಲ್ಲದು, ಆಕ್ಷೇಪವೂ ಆಗಬಲ್ಲದು. ಕಾಕು ಕೈತಪ್ಪಿದರೆ ವಾಚ್ಯಾರ್ಥವೊಂದೇ ಉಳಿಯುತ್ತದೆ. ಕೋಲ್ಟ್ಸ್ ನೆಕ್‌ನ ಮುದ್ರಣದಲ್ಲಿ ಕಾಕು ಸ್ಪಷ್ಟವಾಗಿದೆ. ಪವರ್ ಸ್ಟೇಷನ್‌ನಲ್ಲಿ ಅದು ನಾದದ ಪ್ರವಾಹದಲ್ಲಿ ಮುಳುಗುತ್ತದೆ. ಹೀಗಿದ್ದರೂ ಎರಡನೆಯ ರೂಪವನ್ನು ಕಲಾತ್ಮಕ ಸೋಲೆಂದು ಪರಿಗಣಿಸುವುದು ಉಚಿತವಲ್ಲ. ಸೋತವನೊಬ್ಬ ಇನ್ನೂ ತಲೆಯೆತ್ತಿ ಕೂಗಬಲ್ಲನೆಂಬ ಅಂಶ ಗಿಟಾರಿನ ಏಕಾಂತದಲ್ಲಿ ಇರಲಿಲ್ಲ. ಅದು ಬಂದದ್ದು ಈ ಅಬ್ಬರದಿಂದಲೇ.

ಚರಣಗಳ ಕಥನವನ್ನು ಸಂಗ್ರಹವಾಗಿ ಹೇಳುವುದಾದರೆ, ಜೀವ ಬತ್ತಿದ ಊರೊಂದರಲ್ಲಿ ಹುಟ್ಟಿ ಏಟು ತಿನ್ನುತ್ತ ಬೆಳೆದ ಯುವಕ ಸ್ಥಳೀಯ ತಂಟೆಯೊಂದರಲ್ಲಿ ಸಿಲುಕುತ್ತಾನೆ. ಅವನ ಕೈಗೆ ಬಂದೂಕು ಕೊಟ್ಟು ಪರದೇಶಕ್ಕೆ ಕಳುಹಿಸಲಾಗುತ್ತದೆ. ಮರಳಿ ಬಂದವನಿಗೆ ತೈಲ ಸಂಸ್ಕರಣಾಗಾರದಲ್ಲಿ ಕೆಲಸವಿಲ್ಲ. ಮಾಜಿ ಸೈನಿಕರ ಸರಕಾರಿ ಕಚೇರಿಯಲ್ಲಿಯೂ ಆಸರೆಯಿಲ್ಲ. ಖೆ ಸಾನ್‌ನಲ್ಲಿ ಹೋರಾಡಿದ ಅಣ್ಣ ಅಥವಾ ತಮ್ಮ ಬದುಕಿಲ್ಲ. ಸೈಗಾನ್ ನಗರದ ಹೆಣ್ಣೊಬ್ಬಳೊಡನೆ ಅವನಿರುವ ಛಾಯಾಚಿತ್ರವಷ್ಟೇ ಉಳಿದಿದೆ. ಕೊನೆಗೆ ನಾಯಕ ಸೆರೆಮನೆಯ ನೆರಳಿನಲ್ಲಿ, ಸಂಸ್ಕರಣಾಗಾರದ ಬೆಂಕಿಯ ಸಮೀಪದಲ್ಲಿ, ಹೋಗಲು ದಾರಿಯಿಲ್ಲದೆ ನಿಂತಿದ್ದಾನೆ. ಖೆ ಸಾನ್ ಮುತ್ತಿಗೆ 1968ರ ಜನವರಿಯಿಂದ ಏಪ್ರಿಲ್‌ವರೆಗೆ 77 ದಿನ ನಡೆದ ಘಟನೆ. ಅಲ್ಲಿ ಮುತ್ತಿಗೆ ಹಾಕಿದ್ದುದು ಮುಖ್ಯವಾಗಿ ಉತ್ತರ ವಿಯೆಟ್ನಾಂನ ಕ್ರಮಬದ್ಧ ಸೇನೆಯೇ ಹೊರತು ಗೀತೆ ಹೆಸರಿಸುವ ವಿಯೆಟ್ ಕಾಂಗ್ ಗೆರಿಲ್ಲಾಗಳಲ್ಲವೆಂದು ಇತಿಹಾಸಜ್ಞರು ತೋರಿಸಬಹುದು. ಸಾಮಾನ್ಯ ಸೈನಿಕನ ಮಾತಿನಲ್ಲಿ ಈ ಭೇದ ಅಳಿಸಿಹೋಗಿರುವುದು ಅಸಹಜವೇನಲ್ಲ. ಇದಕ್ಕಿಂತ ಗಂಭೀರವಾದ ಮಿತಿ ಬೇರೊಂದಿದೆ. ಈ ಯುದ್ಧದಲ್ಲಿ 58,000ಕ್ಕೂ ಹೆಚ್ಚು ಅಮೆರಿಕನ್ನರು ಮಡಿದರೆ, ಸತ್ತ ವಿಯೆಟ್ನಾಮೀಯರ ಸಂಖ್ಯೆ ಅದರ ಹಲವು ಪಟ್ಟು. ಗೀತೆಯಲ್ಲಿ ಅವರು ಶತ್ರುವಾಗಿ, ಇಲ್ಲವೇ ಛಾಯಾಚಿತ್ರದ ಹೆಣ್ಣಾಗಿ ಮಾತ್ರ ಕಾಣಿಸಿಕೊಳ್ಳುತ್ತಾರೆ. ಅಮೆರಿಕದ ಗಾಯವನ್ನು ಅಮೆರಿಕದೊಳಗೇ ನೋಡುವ ಹಾಡು ಇದು.

ಎರಡು ವರ್ಷ ಕಾದು, 1984ರ ಜೂನ್ 4ರಂದು ಗೀತೆ ಅದೇ ಹೆಸರಿನ ಸಂಕಲನದ ಮೊದಲ ಹಾಡಾಗಿ ಹೊರಬಂದಿತು. ಆನಿ ಲೀಬೋವಿಟ್ಸ್ ತೆಗೆದ ಮುಖಪುಟದ ಚಿತ್ರದಲ್ಲಿ ಜೀನ್ಸ್ ತೊಟ್ಟ ಗಾಯಕರ ಬೆನ್ನು, ಹಿಂಜೇಬಿನಲ್ಲಿ ಕೆಂಪು ಟೋಪಿ, ಹಿನ್ನೆಲೆಯಲ್ಲಿ ರಾಷ್ಟ್ರಧ್ವಜದ ಪಟ್ಟೆಗಳು. ಚರಣಗಳನ್ನು ಕೇಳುವ ಮುನ್ನವೇ ಕೇಳುಗನ ಕಣ್ಣು ಧ್ವಜವನ್ನು ಕಂಡಿರುತ್ತಿತ್ತು. ಸಂಕಲನದ ಏಳು ಹಾಡುಗಳು ಅಮೆರಿಕದ ಮೊದಲ ಹತ್ತು ಜನಪ್ರಿಯ ಗೀತೆಗಳ ಪಟ್ಟಿಯನ್ನು ಪ್ರವೇಶಿಸಿದವು. ಅದೇ ವರ್ಷ ಇಂಡಿಯಾನಾ ರಾಜ್ಯದ ಟೆರ್ರಾ ಹೋಟ್‌ನಲ್ಲಿ ಆರಂಭವಾದ ಕಾರ್ಖಾನೆಯಲ್ಲಿ, ಅಮೆರಿಕದ ನೆಲದಲ್ಲಿ ಮಾರಾಟಕ್ಕಾಗಿ ತಯಾರಾದ ಮೊದಲ ಕಾಂಪ್ಯಾಕ್ಟ್ ಡಿಸ್ಕ್ ಕೂಡ ಈ ಸಂಕಲನವೇ. ಅದುವರೆಗೆ ಡಿಸ್ಕುಗಳು ಜಪಾನಿನಿಂದ ಆಮದಾಗುತ್ತಿದ್ದವು. ಕಾರ್ಖಾನೆಗಳು ಮುಚ್ಚಿದ ಊರಿನ ಹಾಡು ಹೊಸ ಕಾರ್ಖಾನೆಯೊಂದರ ಮೊದಲ ಸರಕಾದದ್ದು ಚರಿತ್ರೆಯ ಸಣ್ಣ ವಿನೋದಗಳಲ್ಲೊಂದು.

ಆ ವರ್ಷ ಅಧ್ಯಕ್ಷೀಯ ಚುನಾವಣೆಯ ವರ್ಷ. ಸಂಪ್ರದಾಯವಾದಿ ಅಂಕಣಕಾರ ಜಾರ್ಜ್ ವಿಲ್, ವಾಷಿಂಗ್ಟನ್ ಸಮೀಪದ ಕಾರ್ಯಕ್ರಮವೊಂದಕ್ಕೆ ವೈನ್‌ಬರ್ಗ್ ದಂಪತಿಗಳ ಆಹ್ವಾನದ ಮೇರೆಗೆ ಹೋಗಿ, ಕಿವಿಗೆ ಹತ್ತಿ ತುರುಕಿಕೊಂಡು ಕೇಳಿ, ಸೆಪ್ಟೆಂಬರ್ 13ರಂದು ಪ್ರಶಂಸೆಯ ಅಂಕಣ ಬರೆದರು. ಗಾಯಕರ ರಾಜಕೀಯ ನಿಲುವು ತಮಗೆ ತಿಳಿಯದೆಂದು ಒಪ್ಪಿಕೊಂಡೇ, ಅವರ ಶ್ರಮನಿಷ್ಠೆಯಲ್ಲಿಯೂ ಪಲ್ಲವಿಯಲ್ಲಿಯೂ ರಾಷ್ಟ್ರದ ಉತ್ಸಾಹವನ್ನು ಅವರು ಕಂಡರು. ಆರು ದಿನಗಳ ಬಳಿಕ, ನ್ಯೂಜೆರ್ಸಿಯ ಹ್ಯಾಮಂಟನ್‌ನಲ್ಲಿ ಪ್ರಚಾರ ಭಾಷಣ ಮಾಡಿದ ಅಧ್ಯಕ್ಷ ರೊನಾಲ್ಡ್ ರೇಗನ್, ಆ ರಾಜ್ಯದ ಮಗನಾದ ಸ್ಪ್ರಿಂಗ್‌ಸ್ಟೀನ್ ಅವರ ಹಾಡುಗಳಲ್ಲಿ ಭರವಸೆಯ ಸಂದೇಶವಿದೆಯೆಂದು ಕೊಂಡಾಡಿದರು. ರೇಗನ್ ಅಂದು ಹೆಸರಿಸಿದ್ದು ಗಾಯಕರನ್ನು ಮಾತ್ರ. ಈ ಗೀತೆಯ ಹೆಸರು ಅವರ ಮಾತಿನಲ್ಲಿ ಬರಲಿಲ್ಲ. ಅವರು ಈ ಹಾಡನ್ನೇ ಉಲ್ಲೇಖಿಸಿದರೆಂಬ ನಂಬಿಕೆ ಹರಡಿರುವುದು ಗೀತೆಯ ಉತ್ತರಚರಿತೆ ಎಷ್ಟು ಪ್ರಬಲವೆಂಬುದಕ್ಕೆ ಸಾಕ್ಷಿ. ಎದುರಾಳಿ ವಾಲ್ಟರ್ ಮಾಂಡೇಲ್ ಅವರ ಪಕ್ಷವೂ ಹಿಂದೆ ಬೀಳಲಿಲ್ಲ. ಗಾಯಕರ ಬೆಂಬಲ ತಮಗೇ ಇದೆಯೆಂದು ಹೇಳಿಕೊಂಡು, ಗಾಯಕರ ಕಡೆಯವರು ನಿರಾಕರಿಸಿದಾಗ ಆ ಮಾತನ್ನು ಹಿಂತೆಗೆದುಕೊಂಡಿತು. ಸ್ಪ್ರಿಂಗ್‌ಸ್ಟೀನ್ ಕೆಲವೇ ದಿನಗಳಲ್ಲಿ ಪಿಟ್ಸ್‌ಬರ್ಗ್‌ನ ವೇದಿಕೆಯಿಂದ ಉತ್ತರಿಸಿದರು. ಅಧ್ಯಕ್ಷರಿಗೆ ತಮ್ಮ ಯಾವ ಸಂಕಲನ ಮೆಚ್ಚುಗೆಯಾಗಿರಬಹುದೆಂದು ಕೇಳಿ, 'ನೆಬ್ರಾಸ್ಕಾ' ಇರಲಾರದೆಂದು ಹೇಳಿ, ಕೆಲಸ ಕಳೆದುಕೊಂಡವನ ಅಪರಾಧವನ್ನು ಕುರಿತ 'ಜಾನಿ 99' ಎಂಬ ಹಾಡನ್ನು ಹಾಡಿದರು. ಅದೇ ನಗರದಲ್ಲಿ ಉಕ್ಕಿನ ಕಾರ್ಮಿಕರ ಸಂಘವೊಂದು ನಡೆಸುತ್ತಿದ್ದ ಆಹಾರ ನಿಧಿಗೆ 10,000 ಡಾಲರ್ ನೀಡಿದರು. ನವೆಂಬರ್‌ನ ಚುನಾವಣೆಯಲ್ಲಿ ರೇಗನ್ 49 ರಾಜ್ಯಗಳನ್ನು ಗೆದ್ದರು.

ಗೀತೆ ಬಿಡಿ ಮುದ್ರಿಕೆಯಾಗಿ ಹೊರಬಂದದ್ದು ಈ ವಿವಾದದ ನಂತರ, ಅಕ್ಟೋಬರ್ 30ರಂದು; 1985ರ ಜನವರಿಯಲ್ಲಿ ಅದು 'ಬಿಲ್‌ಬೋರ್ಡ್' ಪಟ್ಟಿಯ 9ನೆಯ ಸ್ಥಾನ ತಲುಪಿತು. ಮುದ್ರಿಕೆಯ ಹಿಂಬದಿಯಲ್ಲಿದ್ದ 'ಶಟ್ ಔಟ್ ದ ಲೈಟ್' ಎಂಬ ಹಾಡು ಕೂಡ ಯುದ್ಧದಿಂದ ಮರಳಿ, ಕತ್ತಲೆಗೆ ಹೆದರುವ ಸೈನಿಕನನ್ನು ಕುರಿತದ್ದು. ತಟ್ಟೆಯನ್ನು ಮಗುಚಿ ಹಾಕಿದವರಿಗೆ ಮುಂಬದಿಯ ಅರ್ಥದ ಬಗ್ಗೆ ಸಂದೇಹ ಉಳಿಯುವಂತಿರಲಿಲ್ಲ. ಜಾನ್ ಸೇಲ್ಸ್ ನಿರ್ದೇಶಿಸಿದ ದೃಶ್ಯರೂಪವೂ ವೇದಿಕೆಯ ಚಿತ್ರಗಳ ನಡುವೆ ಕಾರ್ಖಾನೆ, ಸ್ಮಶಾನ, ಮಾಜಿ ಯೋಧರ ಮುಖಗಳನ್ನು ಹೆಣೆದು ಚರಣಗಳ ಪರವಾಗಿ ಸಾಕ್ಷಿ ನುಡಿಯಿತು. ವಾಣಿಜ್ಯ ಲೋಕಕ್ಕೆ ಬೇಕಾದದ್ದು ಪಲ್ಲವಿ ಮಾತ್ರ. ಕ್ರೈಸ್ಲರ್ ಮೋಟಾರು ಕಂಪನಿ ಗೀತೆಯ ಬಳಕೆಗೆ ಭಾರಿ ಮೊತ್ತವನ್ನು ಮುಂದಿಟ್ಟರೂ ಗಾಯಕರು ಒಪ್ಪಲಿಲ್ಲ. ಕಂಪನಿಯು ಅದೇ ಭಾವದ ಬೇರೊಂದು ಜಾಹೀರಾತು ಗೀತೆಯನ್ನು ಮಾಡಿಸಿಕೊಂಡಿತು.

ಪಲ್ಲವಿಯನ್ನು ಇತರರು ಎರವಲು ಪಡೆದ ಬಗೆಗಳು ಇದಕ್ಕಿಂತ ಸ್ವಾರಸ್ಯಕರ. ಮೆಕ್ಸಿಕನ್ ಮೂಲದ ಹಾಸ್ಯನಟ ಚೀಚ್ ಮರಿನ್ 1985ರಲ್ಲಿ 'ಬಾರ್ನ್ ಇನ್ ಈಸ್ಟ್ ಎಲ್.ಎ.' ಎಂಬ ಅಣಕುಹಾಡನ್ನೂ 1987ರಲ್ಲಿ ಅದೇ ಹೆಸರಿನ ಚಲನಚಿತ್ರವನ್ನೂ ಹೊರತಂದರು. ಅಮೆರಿಕದಲ್ಲಿಯೇ ಹುಟ್ಟಿದ ಪ್ರಜೆಯೊಬ್ಬ ದಾಖಲೆ ಜೊತೆಯಲ್ಲಿಲ್ಲದ ಕಾರಣ ಮೆಕ್ಸಿಕೋಗೆ ಗಡಿಪಾರಾಗುವುದು ಅದರ ಕಥೆ. 1990ರಲ್ಲಿ ಫ್ಲಾರಿಡಾದ ನ್ಯಾಯಾಲಯವೊಂದು 'ಟೂ ಲೈವ್ ಕ್ರೂ' ಎಂಬ ರ‍್ಯಾಪ್ ತಂಡದ ಸಂಕಲನವನ್ನು ಅಶ್ಲೀಲವೆಂದು ಘೋಷಿಸಿದಾಗ, ತಂಡವು ಸ್ಪ್ರಿಂಗ್‌ಸ್ಟೀನ್ ಅವರ ಅನುಮತಿ ಪಡೆದು ಇದೇ ಧಾಟಿಯಲ್ಲಿ 'ಬ್ಯಾನ್ಡ್ ಇನ್ ದ ಯು.ಎಸ್.ಎ.' ಎಂಬ ಪ್ರತಿಭಟನಾಗೀತೆಯನ್ನು ರಚಿಸಿತು. ಹುಟ್ಟಿನಿಂದ ಬಂದ ಹಕ್ಕನ್ನು ಕೇಳುವ ಮಾತಾಗಿ ಪಲ್ಲವಿಯನ್ನು ಗ್ರಹಿಸಿದವರು ಹೀಗೆ ಅಂಚಿನಲ್ಲಿದ್ದವರೇ. ಮಾಜಿ ಯೋಧರ ಅಳಲಿಗೆ ಅವರು ಹತ್ತಿರವಿದ್ದರು.

ಗಡಿಯಾಚೆ ಅರ್ಥ ಇನ್ನೊಂದು ತಿರುವು ಪಡೆಯಿತು. 1988ರ ಜುಲೈ 19ರಂದು ಪೂರ್ವ ಬರ್ಲಿನ್ನಿನ ವೈಸೆನ್‌ಜೇ ಬಯಲಿನಲ್ಲಿ, ಅಲ್ಲಿನ ಕಮ್ಯುನಿಸ್ಟ್ ಯುವಸಂಘಟನೆಯ ಆಶ್ರಯದಲ್ಲಿ ಸ್ಪ್ರಿಂಗ್‌ಸ್ಟೀನ್ ಹಾಡಿದರು. ಒಂದೂವರೆ ಲಕ್ಷಕ್ಕೂ ಹೆಚ್ಚು ಜನ ನೆರೆದಿದ್ದರು. ತಮ್ಮ ದೇಶವನ್ನು ಬಿಟ್ಟು ಹೊರಹೋಗುವ ಸ್ವಾತಂತ್ರ್ಯವಿಲ್ಲದ ಆ ಯುವಜನರು ಮನೆಯಲ್ಲಿ ಹೊಲಿದು ತಂದ ಅಮೆರಿಕದ ಧ್ವಜಗಳನ್ನು ಬೀಸುತ್ತ, ತಾವು ಹುಟ್ಟದ ದೇಶದ ಹೆಸರನ್ನು ಕೂಗಿ ಹಾಡಿದರು. ಅಮೆರಿಕದ ಯುದ್ಧನೀತಿಯ ವಿರುದ್ಧ ಹುಟ್ಟಿದ ಗೀತೆಯೆಂಬುದು ಸಂಘಟಕರಿಗೆ ಸಮ್ಮತವಾಗಿದ್ದಿರಬೇಕು. ಯುವಕರಿಗೆ ಬೇಕಾದದ್ದು ಬೇರೆಯೇ ಆಗಿತ್ತು. ಇಲ್ಲಿ ಯಾರು ತಪ್ಪಾಗಿ ಕೇಳಿದರೆಂದು ತೀರ್ಮಾನಿಸುವುದು ಸುಲಭವಲ್ಲ.

ಸಂಶೋಧಕರು ಈ ದ್ವಂದ್ವವನ್ನು ತಡವಾಗಿಯಾದರೂ ಗಂಭೀರವಾಗಿ ಪರಿಗಣಿಸಿದ್ದಾರೆ. ಜೆಫರ್ಸನ್ ಕೋವಿ ಮತ್ತು ಲಾರೆನ್ ಬೋಹ್ಮ್ 2006ರಲ್ಲಿ 'ಅಮೆರಿಕನ್ ಕ್ವಾರ್ಟರ್ಲಿ' ಪತ್ರಿಕೆಯಲ್ಲಿ ಪ್ರಕಟಿಸಿದ ಲೇಖನದಲ್ಲಿ, ಗೀತೆಯನ್ನು ಪ್ರತಿಭಟನೆ ಅಥವಾ ದೇಶಭಕ್ತಿ ಎಂದು ಎರಡರಲ್ಲಿ ಒಂದಾಗಿಸುವ ಓದುಗಳನ್ನು ಬದಿಗಿರಿಸಿದರು. ಕಾರ್ಖಾನೆ, ಸಂಘಟನೆ, ಊರು ಎಲ್ಲವೂ ಕುಸಿದ ಮೇಲೆ ಶ್ರಮಿಕನಿಗೆ ಉಳಿದ ಗುರುತು ರಾಷ್ಟ್ರದ ಹೆಸರೊಂದೇ. ಚರಣದ ಯಾತನೆಯನ್ನು ಪಲ್ಲವಿಯ ಗರ್ಜನೆ ಮುಳುಗಿಸುವುದು ಆ ಕಾಲದ ಚರಿತ್ರೆಯ ನಿಜರೂಪವೇ ಆಗಿದೆಯೆಂಬ ಧಾಟಿಯ ಅವರ ವಾದ ಒಪ್ಪತಕ್ಕದ್ದು. ಕೇಳುಗರನ್ನು ದಡ್ಡರೆಂದು ತಳ್ಳಿಹಾಕುವ ವಿವರಣೆಗಿಂತ ಇದು ಹೆಚ್ಚು ದೂರ ಕೊಂಡೊಯ್ಯುತ್ತದೆ. 1996ರ ಚುನಾವಣೆಯಲ್ಲಿ ಬಾಬ್ ಡೋಲ್ ಅವರ ಪ್ರಚಾರಸಭೆಯಲ್ಲಿ ಗೀತೆ ಬಳಕೆಯಾಗಿ ಗಾಯಕರು ಆಕ್ಷೇಪಿಸಿದುದೂ, 2020ರ ಅಕ್ಟೋಬರ್‌ನಲ್ಲಿ ಡೊನಾಲ್ಡ್ ಟ್ರಂಪ್ ದಾಖಲಾಗಿದ್ದ ಸೇನಾ ಆಸ್ಪತ್ರೆಯ ಹೊರಗೆ ಬೆಂಬಲಿಗರು ಇದನ್ನು ನುಡಿಸಿದುದೂ ಅದೇ ಎಳೆಯ ಮುಂದುವರಿಕೆ.

ಸ್ಪ್ರಿಂಗ್‌ಸ್ಟೀನ್ ಸ್ವತಃ ಈ ಗೀತೆಯನ್ನು ಮರಳಿ ಪಡೆಯಲು ನಡೆಸಿದ ಯತ್ನ ನಾಲ್ಕು ದಶಕಗಳಷ್ಟು ದೀರ್ಘವಾದದ್ದು. ಅದಕ್ಕಾಗಿ ಅವರು ಸಾಹಿತ್ಯಕ್ಕಿಂತ ಹೆಚ್ಚಾಗಿ ನಾದವನ್ನೇ ಬದಲಾಯಿಸಿದರೆಂಬುದು ಇಲ್ಲಿನ ಚರ್ಚೆಗೆ ಪೂರಕ. 1995ರಲ್ಲಿ ಆರಂಭಿಸಿದ ಏಕವ್ಯಕ್ತಿ ಸಂಗೀತಯಾತ್ರೆಯಲ್ಲಿ ಪಲ್ಲವಿಯನ್ನು ಹಿನ್ನೆಲೆಗೆ ಸರಿಸಿ, ತಂತಿಯ ಮೇಲೆ ಕೊಳವೆ ಜಾರಿಸುವ ಬ್ಲೂಸ್ ಶೈಲಿಯಲ್ಲಿ ಹಾಡಿದರು. 2017–18ರ ಬ್ರಾಡ್‌ವೇ ರಂಗಪ್ರಯೋಗದಲ್ಲಿ ಯುದ್ಧದಲ್ಲಿ ಮಡಿದ ತಮ್ಮ ಊರಿನ ಸಂಗೀತಗಾರರನ್ನು ನೆನೆದ ಬಳಿಕವೇ ಗೀತೆಗೆ ತೊಡಗುತ್ತಿದ್ದರು; ಸಭೆ ಜೊತೆಗೂಡಿ ಹಾಡಲು ಅದರಲ್ಲಿ ಅವಕಾಶವೇ ಇರಲಿಲ್ಲ. ಪೂರ್ಣ ತಂಡದೊಡನೆ ಬಯಲಿನಲ್ಲಿ ಹಾಡುವಾಗ ಮಾತ್ರ ಹಳೆಯ ಕಹಳೆಯನ್ನು ಅವರು ಕೈಬಿಡಲಿಲ್ಲ.

'ನೆಬ್ರಾಸ್ಕಾ' ಅವಧಿಯನ್ನು ಕುರಿತ 'ಸ್ಪ್ರಿಂಗ್‌ಸ್ಟೀನ್: ಡೆಲಿವರ್ ಮಿ ಫ್ರಮ್ ನೋವೇರ್' ಎಂಬ ಚಲನಚಿತ್ರ 2025ರ ಅಕ್ಟೋಬರ್‌ನಲ್ಲಿ ತೆರೆಕಂಡಾಗ, ಆ ಕಾಲದ ಅಪ್ರಕಟಿತ ಮುದ್ರಣಗಳ ಸಂಪುಟವೂ ಜೊತೆಯಲ್ಲಿ ಹೊರಬಂದಿತು. ಅದರಲ್ಲಿ ಈ ಗೀತೆಯ ಮೂರನೆಯ ರೂಪವೊಂದಿದೆ. 1982ರ ಅದೇ ದಿನಗಳಲ್ಲಿ, ಕೀಲಿಮಣೆ ವಾದ್ಯಗಳನ್ನೆಲ್ಲ ಹೊರಗಿಟ್ಟು, ಗಿಟಾರು, ಬಾಸ್, ಡ್ರಮ್ ಮೂರರಿಂದಲೇ ನುಡಿಸಿದ ಮುದ್ರಣವದು. ಕೋಲ್ಟ್ಸ್ ನೆಕ್‌ನ ಬಳಲಿಕೆ ಇದರಲ್ಲಿಲ್ಲ. ಪವರ್ ಸ್ಟೇಷನ್‌ನ ಕಹಳೆಯೂ ಇಲ್ಲ. ಕಂಠ ಮೊದಲಿನಷ್ಟೇ ಕೂಗುತ್ತದೆ, ಡ್ರಮ್ಮು ಮೊದಲಿನಷ್ಟೇ ಬಡಿಯುತ್ತದೆ, ಆದರೆ ಕೇಳಿಬರುವುದು ಸಿಟ್ಟೊಂದೇ.